ಮೈನಸ್ ಇಪ್ಪತ್ತು

ಕೆಮಿಯಾರ್ವಿಯಲ್ಲಿ ಡಿಸೆಂಬರ್ ಎಂದರೆ
ಮಧ್ಯಾಹ್ನ ಎರಡಕ್ಕೇ ದೀಪ ಹಚ್ಚುವ ಊರು.
ಹಗಲು ನಾನು ಚಿಮಣಿ ಗುಡಿಸುವ ತಾಯ್ಸ್ತೊ,
ಐವತ್ತೆಂಟು, ಉಗುರಿನೊಳಗೆ ಮೂವತ್ತು ವರ್ಷದ ಮಸಿ.
ಬೆಂಕಿ ಸೂರಿಗೆ ಹತ್ತದಂತೆ ನೋಡಿಕೊಳ್ಳುವುದು ಕೆಲಸ.
ರಾತ್ರಿ ಹೆಡ್‌ಫೋನ್ ಏರಿಸಿ ಕೂತರೆ
ಕಂಡದ್ದನ್ನೆಲ್ಲ ಸುಡುತ್ತೇನೆ.

ಮೊದಮೊದಲು ನನಗೆ ಗೊತ್ತಿದ್ದದ್ದು ಕೂಡುವ ಲೆಕ್ಕ ಒಂದೇ.
ಕೋಲಿಗೆ ಕೆಂಪು ಹರಳು, ಬೆರಳಿಗೆ ಉರಿಯುಂಗುರ,
ಹಂತ ಏರಿದಾಗ ಸಿಕ್ಕ ಅಂಕವನ್ನೆಲ್ಲ
ಬೆಂಕಿಗೇ ಸುರಿದೆ, ತುಪ್ಪ ಸುರಿದ ಹಾಗೆ.
ಆದರೂ ಬೂದಿಕೋಟೆಯ ಬಾಸ್,
ಆ ಕಲ್ಲುಗಣ್ಣಿನವನು,
ನನ್ನ ಜ್ವಾಲೆಯಲ್ಲಿ ಮೈ ಕಾಯಿಸಿಕೊಳ್ಳುತ್ತ ನಿಂತ,
ಸೌನಾದಲ್ಲಿ ಕೂತ ಮಾವನ ಹಾಗೆ.

‘ನಿನ್ನ ಬೆಂಕಿಗೆ ಏನೂ ಆಗಿಲ್ಲ’ ಎಂದಳು ಸಿರ್ಕ್ಕಾ.
ಔಲುವಿನಲ್ಲೆಲ್ಲೋ ಇದ್ದಾಳೆ; ಮುಖ ನೋಡಿಲ್ಲ.
ಮಕ್ಕಳಿಗೆ ಗಣಿತ ಹೇಳಿ ನಿವೃತ್ತಳಾದವಳು,
ನಡುನಡುವೆ ಅವಳ ಗಿಳಿ ಕಿರುಚುವುದು ಕೇಳುತ್ತದೆ.
‘ಅವನ ತಡೆ ಎಪ್ಪತ್ತೈದು. ನೀನು ನೂರು ಕಳಿಸಿದರೆ
ಎಪ್ಪತ್ತೈದು ಬಾಗಿಲಿನಿಂದಲೇ ವಾಪಸು.
ಒಳಗೆ ಹೋಗುವುದು ಇಪ್ಪತ್ತೈದು. ಇದಕ್ಕಾ ಇಷ್ಟು ಹರಳು?
ಡಿಬಫ್ ನನ್ನದು. ಐವತ್ತು ಕಳೆಯುತ್ತೇನೆ. ಈಗ ಹೇಳು.’
ಬೆರಳು ಮಡಿಚಿ ಎಣಿಸಿದೆ:
ಒಳಗೆ ಹೋಗುವುದು ಎಪ್ಪತ್ತೈದು.
ಮೂರು ಪಟ್ಟು!
ಒಂದು ಕಡ್ಡಿಯನ್ನೂ ನಾನು ಹೆಚ್ಚಿಗೆ ಗೀರಿರಲಿಲ್ಲ.

ಹಾಗೆ ಅವಳು ಶಾಪ ಹಾಕುವವಳು, ನಾನು ಸುಡುವವನು.
ಅವಳು ಕೈ ಬೀಸಿದರೆ ವೈರಿಯ ನೆತ್ತಿಯ ಮೇಲೆ
ಕಂದು ಬಣ್ಣದ ಪುಟ್ಟ ಗುರುತು, ನೋಡಿದರುಂಟು ಇಲ್ಲದಿದ್ದರಿಲ್ಲ.
ಕಾಲಡಿಗೆ ಡಾಂಬರು ಚೆಲ್ಲುವಳು. ಕವಚಕ್ಕೆ ತುಕ್ಕು ಹಿಡಿಸುವಳು.
ಎಂಟೇ ಸೆಕೆಂಡು. ಅಷ್ಟರೊಳಗೆ ನನ್ನ ಉಲ್ಕೆ ಬೀಳಬೇಕು.
ಪರದೆ ತುಂಬ ಹಳದಿ ಸಂಖ್ಯೆ ಚಿಮ್ಮುತ್ತಿತ್ತು,
ಅಷ್ಟೂ ನನ್ನ ಹೆಸರಿಗೆ.
ಒಮ್ಮೆ ತಡೆ ಸೊನ್ನೆಗಿಂತಲೂ ಕೆಳಗಿಳಿಯಿತು, ಮೈನಸ್ ಇಪ್ಪತ್ತು:
ನೂರು ಕಳಿಸಿದರೆ ನೂರಿಪ್ಪತ್ತು ಸುಟ್ಟಿತು.
‘ಇಲ್ಲದ್ದು ಎಲ್ಲಿಂದ ಬಂತು?’ ಎಂದೆ.
‘ಅವನೇ ಕೊಟ್ಟ ಸೌದೆ’ ಎಂದಳು. ಗಿಳಿ ನಕ್ಕಿತು.

ಜನವರಿಯ ಒಂದು ರಾತ್ರಿ
‘ನನಗೂ ಒಮ್ಮೆ ಸುಡಬೇಕು’ ಎಂದಳು.
ಬದಲಾಯಿಸಿಕೊಂಡೆವು.
ನನ್ನ ಕೈಗೆ ಶಾಪ ಬಂತು. ಎಷ್ಟು ಹಗುರ, ಸದ್ದೇ ಇಲ್ಲ.
ಮೊದಲ ಸಲ ತಡವಾಯಿತು; ಅವಳ ಬೆಂಕಿ ಬಂದು ಹೋದ ಮೇಲೆ
ಗುರುತು ಬಿತ್ತು, ಊರು ಕೊಳ್ಳೆ ಹೋದ ಮೇಲೆ
ಕೋಟೆ ಬಾಗಿಲು ಹಾಕಿದ ಹಾಗೆ.
ಎರಡನೇ ಸಲ ಆತುರ. ಎಂಟು ಸೆಕೆಂಡು ಬರಿದೇ ಕಳೆಯಿತು,
ಅವಳಿನ್ನೂ ಮದ್ದಿನ ಸೀಸೆ ಹುಡುಕುತ್ತಿದ್ದಳು.
ಬಯ್ಯಲಿಲ್ಲ.
‘ಉಸಿರು ಕೇಳು. ಎಸೆಯುವ ಮುಂಚೆ
ಯಾರಾದರೂ ಒಂದು ಉಸಿರು ಎಳೆದೇ ಎಳೆಯುತ್ತಾರೆ.’
ಇಷ್ಟು ತಿಂಗಳು, ಹಾಗಾದರೆ, ಅವಳು ನನ್ನದನ್ನು—
ಕೇಳಲಿಲ್ಲ ನಾನು.
ಮೂರನೇ ಸಲ ಕಿವಿಗೊಟ್ಟೆ. ಹಾಕಿದೆ.
ಕಲ್ಲುಗಣ್ಣಿನವನು ಒಣಹುಲ್ಲಿನ ಹಾಗೆ ಹೊತ್ತಿದ.
ಸಂಖ್ಯೆಯೆಲ್ಲ ಅವಳದು. ನನ್ನ ಹೆಸರಿನ ಮುಂದೆ ದುಂಡಗೆ ಸೊನ್ನೆ.
ಅರವತ್ತಾರರ ಗಂಟಲಲ್ಲಿ ಅವಳು ಕೇಕೆ ಹಾಕಿದಳು,
ಇಲ್ಲಿ ಮೇಜಿನ ಕೆಳಗೆ ನನ್ನ ಕಾಲು ಕುಣಿಯುತ್ತಿತ್ತು.

ಬೆಳಿಗ್ಗೆ ಹೊರಗೂ ಮೈನಸ್ ಇಪ್ಪತ್ತು.
ಹಿಲ್ಯಾ ಅಜ್ಜಿಯ ಕರೆ: ಒಲೆ ಉರಿಯುತ್ತಿಲ್ಲ, ಬರೀ ಹೊಗೆ,
ಚಿಮಣಿಯಲ್ಲಿ ಹಕ್ಕಿ ಗೂಡು ಕಟ್ಟಿರಬೇಕು.
ಕುಂಚ ಇಳಿಸಿದೆ. ಕೊಳವೆ ಸ್ವಚ್ಛ.
ಬುಟ್ಟಿಯಲ್ಲಿ ಬರ್ಚ್ ತುಂಡು, ತೊಗಟೆಯಡಿ ಇನ್ನೂ ಮಂಜು.
‘ಸೀಮೆಎಣ್ಣೆ ಸುರಿಯಲಾ?’ ಎಂದಳು.
ಬೇಡ ಎಂದೆ.
ತುಂಡುಗಳನ್ನು ಒಲೆಯ ಪಕ್ಕ
ಒಂದಕ್ಕೊಂದು ತಾಗದಂತೆ ನಿಲ್ಲಿಸಿ
ಅವಳು ಕೊಟ್ಟ ಕಾಫಿ ಹಿಡಿದು ಕೂತೆ.
ತೊಗಟೆಯ ತುದಿಯಿಂದ ಒಂದು ಹನಿ.
ಬಹಳ ಹೊತ್ತಿನ ಮೇಲೆ
ಇನ್ನೊಂದು.