ಕೋಟೆ ಮಣ್ಣು

ಹೆಸರು ವಾಲ್ಟ್ರಾಟ್. ಬೀದರಿನ ಚೌಬಾರಾ ಓಣಿಯಲ್ಲಿ
ಎರಡೇ ದಿನಕ್ಕೆ ವಾಲಿಬಾಯಿ ಆದಳು.
ಎಪ್ಪತ್ಮೂರರ ಹೆಣ್ಣುಮಗಳು,
ಬ್ಯಾಸಗಿಯಲ್ಲೂ ಕೊರಳಿಗೆ ರುಮಾಲು, ತಣ್ಣೀರು ಮುಟ್ಟದವಳು.
"ಹಾಡು ನಿಂತು ಹನ್ನೊಂದು ವರ್ಷ,
ಕೊರಳಿಗೆ ಇನ್ನೂ ಯಾರೂ ಹೇಳಿಲ್ಲ."

ನಾನು ಬೆಳ್ಳಿ ತಂತಿ ಬಡಿಯುತ್ತಿದ್ದೆ.
ಗೋಣಿತಟ್ಟಿನ ಮೇಲೆ ಕೂತು ಲೆಕ್ಕ ಒಪ್ಪಿಸಿದಳು:
ಡ್ರೆಸ್ಡೆನ್, ಕಾಸೆಲ್, ಮತ್ತೆ ಡ್ರೆಸ್ಡೆನ್;
ಒಬ್ಬ ಗಂಡ, ನಗಾರಿಯಂಥದ್ದೇನೋ ಬಾರಿಸುವವ, ಬೇಗ ಹೋದ;
ರಂಗದ ಮೇಲೆ ತಾನು ನಾಕುನೂರಾ ಹನ್ನೆರಡು ಸಲ ಸತ್ತದ್ದು,
ಕ್ಷಯಕ್ಕೆ, ಚೂರಿಗೆ, ವಿಷಕ್ಕೆ,
ಎಲ್ಲಾ ಸಲ ಹಾಡುತ್ತಲೇ.

ಮೊಯಿಜ್ ಚಾಚಾ ಉಳಿ ಕೆಳಗಿಟ್ಟ:
"ಒಮ್ಮೆಯೂ ನೀರು ಕೇಳಲಿಲ್ಲೇನು ಬಾಯಿ?"
ದುಭಾಷಿ ಹುಡುಗ ತಡವರಿಸಿದ.
ಆಕೆ ನಕ್ಕು ನಕ್ಕು ಕೆಮ್ಮಿದಳು.

ಹೂದಾನಿಗೆ ಕಪ್ಪು ಕೊಡುವ ದಿನ
ಬಿಸಿಲು ಮಳೆ ಕಾಣದ ಕೋಟೆ ಮಣ್ಣು ಚಿಟಿಕೆ ತೆಗೆದು
ಚಾಚಾ ನಾಲಿಗೆಗೆ ಇಟ್ಟು ನೋಡಿದ.
ಆಕೆಯೂ ಅಂಗೈ ಚಾಚಿದಳು.
ಚಪ್ಪರಿಸಿ, ಕಣ್ಣು ಮುಚ್ಚಿ,
ಯಾರೂ ಕೇಳದೆ ಬಾಯಿ ತೆರೆದಳು.

ಬಂದದ್ದು ಸ್ವರ ಅಲ್ಲ.
ಬರೀ ಉಸಿರು, ಹಂಡೆಯ ಹಬೆಯಂತೆ
ಮೇಲಕ್ಕೆ, ಇನ್ನೂ ಮೇಲಕ್ಕೆ,
ಜಂತಿಯ ಮಸಿ ಮುಟ್ಟುವ ಮೊದಲೇ ಹರಿಯಿತು.
ಪಕ್ಕದ ವೆಲ್ಡಿಂಗ್ ಅಂಗಡಿಯವ ಬಂದು ಬಾಗಿಲಲ್ಲಿ ನಿಂತಿದ್ದ,
ಏನು ಕೇಳಿಸಿತೋ.

ನವಸಾಗರದ ನೀರು ಕುದಿಯಿತು.
ಚಾಚಾ ಅದ್ದಿ ತೆಗೆದ.
ಸತುವೆಲ್ಲ ಕರ್ರಗೆ.
ಬೆಳ್ಳಿ ಬಳ್ಳಿ ಇದ್ದಂಗೇ ಇತ್ತು.

ಚೌಕಾಶಿ ಬಿಡಲಿಲ್ಲ ಆಕೆ, ಇನ್ನೂರು ಇಳಿಸಿಯೇ ಕೊಟ್ಟಳು.
ಕಟ್ಟಿಕೊಡಲು ಪೇಪರು ಹುಡುಕುತ್ತಿದ್ದೆ;
ಕೊರಳ ರುಮಾಲು ಬಿಚ್ಚಿ
ಹೂದಾನಿಗೆ ಸುತ್ತಿಕೊಂಡು ಹೋದಳು.