ಒಂದು ಸೇರೆ ಗಾಳಿ

ಅಂಗೈ ಚಪ್ಪಟೆಯಿದ್ದರೆ ಅದು ಏಟು,
ಬೆರಳು ಕೂಡಿಸಿ ಸೇರೆ ಮಾಡಿದರೆ ಔಷಧ.
ಆಸ್ಪತ್ರೆಯ ಹುಡುಗಿ ನನ್ನ ಕೈಯನ್ನೇ ಹಿಡಿದು
ಮಡಿಸಿ ತೋರಿಸಿದಳು.
ಆಕ್ಲೆಂಡಿನ ಏರ್‌ಪೋರ್ಟಿನಲ್ಲಿ ಹನ್ನೊಂದು ವರ್ಷ
ಪೆಟ್ಟಿಗೆ ಎತ್ತಿ ಎಸೆದ ಕೈ ಇದು,
ನೀರು ಕುಡಿಯುವುದಕ್ಕೂ ಹೀಗೆ ಬಾಗಿದ್ದಿಲ್ಲ.

ಬೆಳಿಗ್ಗೆ ಹದಿನೈದು ನಿಮಿಷ, ರಾತ್ರಿ ಹದಿನೈದು.
ದಿಂಬಿಗೊರಗಿ ಮಗ್ಗುಲಾಗುತ್ತಾಳೆ ಸವಿಲಿ.
ಏಳು ವರ್ಷ. ನಮ್ಮ ಭಾಷೆಯಲ್ಲಿ
ಆ ಹೆಸರಿಗೆ ಗಾಳಿ ಎಂದು ಅರ್ಥ.
ಹೆಸರಿಟ್ಟ ಅಜ್ಜಿ ಸಮೋವಾದಲ್ಲಿದ್ದಾಳೆ,
ಅವಳಿಗಿನ್ನೂ ಹೇಳಿಲ್ಲ.

ಪಕ್ಕೆ, ಬೆನ್ನು, ಮತ್ತೆ ಪಕ್ಕೆ.
ಡಬ್ ಡಬ್ ಡಬ್.
ಬೆನ್ನುಮೂಳೆಯ ಮೇಲೆ ಬೇಡ, ಹೊಟ್ಟೆಯ ಮೇಲೆ ಬೇಡ.

ಡಾಕ್ಟರ್ ಪರದೆಯ ಮೇಲೆ ಬೆರಳಿಟ್ಟು ಬಹಳ ಹೇಳಿದರು:
ತಲೆಕೆಳಗಾದ ಮರ, ಕೊಂಬೆ, ರೆಂಬೆ.
ನನಗೆ ತಿಳಿದದ್ದು ಕಾಲುಚೀಲ.
ಎಲಾಸ್ಟಿಕ್ ಸತ್ತ ಕಾಲುಚೀಲ ಮತ್ತೆ ಕಾಲಿಗೆ ಕೂರುವುದಿಲ್ಲ,
ಒಗೆದರೂ ಜೋಲುತ್ತದೆ, ಒಣಗಿಸಿದರೂ ಜೋಲುತ್ತದೆ.
ಹಾಗೆ ಹಿಗ್ಗಿಹೋದ ಕೊಳವೆಯಲ್ಲಿ ಕಫ ನಿಲ್ಲುತ್ತದೆ,
ನಿಂತದ್ದು ಕೊಳೆಯುತ್ತದೆ, ಕೊಳೆತದ್ದು ಗೋಡೆ ತಿನ್ನುತ್ತದೆ,
ತಿಂದ ಗೋಡೆ ಇನ್ನಷ್ಟು ಹಿಗ್ಗುತ್ತದೆ,
ಅಲ್ಲಿ ಇನ್ನಷ್ಟು ನಿಲ್ಲುತ್ತದೆ.

ಮಾಲಿಯೆಗೆ ತಿಳಿದದ್ದು ಬೇರೆ.
ರಾತ್ರಿ ಆಫೀಸುಗಳ ನೆಲ ಒರೆಸುವವಳು ನನ್ನ ಹೆಂಡತಿ.
ಒಳಗೆ ಕಣ್ಣಿಗೆ ಕಾಣದ ಕೂದಲುಗಳಿರುತ್ತವೆ,
ಕಸವನ್ನೆಲ್ಲ ಮೇಲಕ್ಕೆ ಗುಡಿಸುತ್ತಲೇ ಇರುತ್ತವೆ,
ನಿಮ್ಮ ಮಗಳಿಗೆ ಅವು ಸವೆದಿವೆ, ಅಂದಾಗ
ಕೇಳಿದಳು: "ಅವಕ್ಕೂ ರಾತ್ರಿ ಪಾಳಿಯೇ?"
ಡಾಕ್ಟರ್ ನಗಲಿಲ್ಲ.

ನ್ಯುಮೋನಿಯಾ ಮೂರು ಸಲ. ನಡುನಡುವೆ ಕೆಮ್ಮು.
ಮಾಂಗೆರೆಯ ನಮ್ಮ ಬೀದಿಯಲ್ಲಿ ಕೆಮ್ಮದ ಮಗು ಯಾವುದಿತ್ತು?
ಒದ್ದೆ ಕೆಮ್ಮನ್ನು ನಾವು ಬಾಲ್ಯ ಅಂದುಕೊಂಡಿದ್ದೆವು,
ಹಾಲುಹಲ್ಲಿನ ಹಾಗೆ ತಾನೇ ಬಿದ್ದುಹೋಗುತ್ತದೆ ಅಂತ.
ಚಳಿಗಾಲದ ಬೆಳಿಗ್ಗೆ ಕಿಟಕಿ ಒರೆಸಿ ಟವೆಲು ಹಿಂಡಿದರೆ
ಅರ್ಧ ಬಕೆಟ್ಟು.
ಅವಳ ಮಂಚದ ಹಿಂದೆ ಗೋಡೆಗೆ ಕಪ್ಪು ಬೂಷ್ಟು.
ಮಾಲೀಕ ಬಂದು ಅದರ ಮೇಲೇ ಬಿಳಿ ಬಣ್ಣ ಹೊಡೆಸಿದ.
ಜೂನಿನಲ್ಲಿ ಅದು ಮತ್ತೆ ಬಂತು,
ಬಾಡಿಗೆ ಚೀಟಿಯ ಹಾಗೆ, ತಪ್ಪದೆ.

ಒಂದು ರಾತ್ರಿ ಬಾಗಿಲು ಬಡಿದರು.
ಪೊಲೀಸ್ ಹೆಂಗಸು, ನಿದ್ದೆಗೆಟ್ಟ ಕಣ್ಣು.
ಯಾರೋ ಫೋನ್ ಮಾಡಿದ್ದರಂತೆ:
ಈ ಮನೆಯಲ್ಲಿ ಮಗುವನ್ನು ಬಡಿಯುತ್ತಾರೆ,
ದಿನಾ, ಹೊತ್ತಿಗೆ ಸರಿಯಾಗಿ.
ನನ್ನ ಇಂಗ್ಲಿಷು ಗಂಟಲಲ್ಲೇ ಕಟ್ಟಿಕೊಂಡಿತು.
ಕೈ ಮಾತ್ರ ಇನ್ನೂ ಸೇರೆಯಾಗಿಯೇ ಇತ್ತು,
ಏನನ್ನೋ ಬೇಡುವವನ ಹಾಗೆ.
ಸವಿಲಿ ಎದ್ದು ಬಂದಳು, ಕೆಮ್ಮಿದಳು,
ಕಪ್ಪಿನಲ್ಲಿ ಉಗಿದು ಆಕೆಯ ಮೂಗಿನ ತನಕ ಎತ್ತಿ ಹಿಡಿದಳು:
"ನಿನ್ನೆ ಹಸಿರಿತ್ತು. ನೋಡಿ, ಇವತ್ತು ಹಳದಿ."
ಆಕೆ ನೋಡಿದಳು. ಪುಸ್ತಕ ತೆಗೆದು ಬರೆದುಕೊಂಡಳು.
ಏನು ಬರೆದುಕೊಂಡಳೋ ಗೊತ್ತಿಲ್ಲ.
ಆಮೇಲಿಂದ ಪಕ್ಕದ ಮನೆಯ ಕಿಟಕಿ
ಹೊತ್ತಿಗೆ ಸರಿಯಾಗಿ ಮುಚ್ಚಿಕೊಳ್ಳುತ್ತದೆ.

ವಾಸಿಯಾಗುತ್ತದೆಯೇ ಎಂದು ಕೇಳುವುದನ್ನು ಬಿಟ್ಟಿದ್ದೇವೆ.
ಇನ್ನಷ್ಟು ಕೆಡದಿರಲಿ ಎಂಬುದನ್ನೇ
ಭಾನುವಾರದ ಪ್ರಾರ್ಥನೆಗೆ ಸೇರಿಸಿದ್ದಾಳೆ ಮಾಲಿಯೆ.
ಶಾಲೆಯ ಓಟದಲ್ಲಿ ಸವಿಲಿ ಕೊನೆಯಿಂದ ಎರಡನೆಯವಳು.
ಕೊನೆಯವನ ಹೆಸರು ಹೇಳಿ ಹೇಳಿ ನಗುತ್ತಾಳೆ.

ಈ ಶನಿವಾರ ಪಾಳಿ ಮುಗಿಸಿ ಬೋರಲು ಬಿದ್ದುಕೊಂಡಿದ್ದೆ.
ಬೆನ್ನ ಮೇಲೆ ಪುಟ್ಟದೊಂದು ಸೇರೆ ಬಿತ್ತು, ಡಬ್,
ಗುಬ್ಬಿ ಇಳಿದಷ್ಟು ಭಾರ.
ಆಮೇಲೆ ಕಿವಿ ಒತ್ತಿದಳು, ತಣ್ಣಗಿತ್ತು.
"ಅಪ್ಪಾ, ನಿನ್ನೊಳಗೂ ಬುಳುಬುಳು ಅಂತಿದೆ."

ನನಗೆ ನಲವತ್ತೊಂದು.
ಇಷ್ಟು ವರ್ಷ ಅದನ್ನು ನನ್ನ ದನಿ ಅಂದುಕೊಂಡಿದ್ದೆ.
ಏಳಹೋದೆ.
"ಅಲ್ಲಾಡಬೇಡ," ಅಂದಳು,
"ಇನ್ನೂ ಹದಿಮೂರು ನಿಮಿಷ ಇದೆ."