ಕರಿಯ ಹೋದ ದಿನ

ಕೌಲ್ ಬಜಾರಿನ ನಮ್ಮ ಜೀನ್ಸ್ ಯೂನಿಟ್ಟಿನಲ್ಲಿ
ಕರೆಂಟು ಹೋದರೆ ಹಬ್ಬ.
ನಾನು ಕಾಜ, ಹೊನ್ನೂರವಲಿ ಗುಂಡಿ.
ಅವನ ಫೋನು, ನನ್ನ ನೆಟ್ಟು,
ಒಂದೇ ಇಯರ್‌ಫೋನು, ಆಳಿಗೊಂದು ಕಿವಿ.

ಜಪಾನಿನ ಮಾತು, ಕೆಳಗೆ ಇಂಗ್ಲಿಷಿನ ಅಕ್ಷರ,
ಎರಡೂ ನನ್ನ ಕೈಗೆ ಸಿಗದೆ ಓಡುತ್ತವೆ.
ಪಿಯುಸಿ ಮುಗಿಸಿದ ಹೊನ್ನೂರವಲಿ ಓದಿ ಹೇಳುತ್ತಾನೆ
ಬಳ್ಳಾರಿ ಬಾಯಲ್ಲಿ:
"ಮುದುಕಿ ಅಂತಾಳೆ, ಕತ್ತಲಾದ್ಮ್ಯಾಲೆ ಹೊಳೆ ದಾಟಬ್ಯಾಡ್ರಲೇ ಅಂತ."

ಒಬ್ಬ ಹುಡುಗ, ಅವನಿಗೊಂದು ಮೃಗ.
ತೋಳವೂ ಅಲ್ಲ, ಕರಡಿಯೂ ಅಲ್ಲ,
ಒಂದು ಕಿವಿ ಹರಿದದ್ದು, ಇದ್ದಿಲ ಬಣ್ಣ.
ನಿಜ ಹೆಸರು ಐದಕ್ಷರದ್ದು, ನಾಲಿಗೆಯ ಮೇಲೆ ಕೂರಲಿಲ್ಲ.
ಕರಿಯ ಅಂದೆವು.
ಹುಡುಗನಿಗೆ ಪೆಟ್ಟಾದಾಗೆಲ್ಲ ಕರಿಯ ನೆಕ್ಕುತ್ತಾನೆ,
ಗಾಯ ಮಾಯುತ್ತದೆ,
ಕರಿಯನ ಮೈಯಲ್ಲಿ ಅಂಗೈಯಗಲ ಜಾಗ ಕಲ್ಲಾಗುತ್ತದೆ.
ಹುಡುಗನಿಗೆ ಇದು ಗೊತ್ತಿಲ್ಲ.
ಮೂರನೇ ಕಂತಿನಿಂದಲೂ ನಮಗೆ ಗೊತ್ತಿತ್ತು.
ಹೇಳಿಕಳಿಸಲು ದಾರಿಯಿರಲಿಲ್ಲ.

ಇಪ್ಪತ್ಮೂರನೇ ಕಂತು ಬಂದದ್ದು ಮಂಗಳವಾರ,
ವಾಷಿಂಗಿಗೆ ಹೋಗಬೇಕಾದ ಪ್ಯಾಂಟು
ಸೊಂಟದೆತ್ತರ ಬಿದ್ದಿರುವಾಗ.
ಹಿಮದ ಮೇಲೆ ಹುಡುಗ, ಎದೆಯಲ್ಲಿ ಈಟಿ.
ಕರಿಯ ಕುಂಟುತ್ತ ಬಂದ. ಕಲ್ಲಾಗದೆ ಉಳಿದದ್ದು
ಒಂದು ಮೂತಿ, ಒಂದು ನಾಲಿಗೆ.
ಹೊನ್ನೂರವಲಿ ಓದುವುದನ್ನು ನಿಲ್ಲಿಸಿದ.
"ಏನಂತಾನಲೇ?" ಅಂದೆ.
"ಏನಂತಾನೆ? ಅವ್ನೇನು ಮಾತಾಡ್ತಾನಾ?
ನೆಕ್ತಾನೆ, ಅಷ್ಟೆ."

ಆಮೇಲೆ ಪರದೆಯ ತುಂಬ ಒಂದು ಬಂಡೆ.
ಎಚ್ಚರಾದ ಹುಡುಗ ಅದಕ್ಕೇ ಬೆನ್ನು ಕೊಟ್ಟು ಕೂತು
ಕಾಡಿಗೆಲ್ಲ ಕೇಳುವಂತೆ ಆ ಐದಕ್ಷರ ಕೂಗಿದ.
ನಮಗೆ ಕೇಳಿಸಿದ್ದು
ಕರಿಯಾ, ಕರಿಯಾ.

ನೀಲಿ ಬೆರಳಲ್ಲಿ ಕಣ್ಣೊರೆಸಿ ನಮ್ಮ ಮುಖವೆಲ್ಲ ನೀಲಿ.
ಮೇಸ್ತ್ರಿ ಗಾದಿಲಿಂಗಪ್ಪ ಬಂದು ನಿಂತ.
"ಯಾರು ಹೋದ್ರಲೇ?"
"ಕರಿಯ."
"ನಿಮ್ಮಾವನಾ?"
"ನಮ್ಮಾವನೇ," ಅಂದ ಹೊನ್ನೂರವಲಿ.
ಅದರಲ್ಲಿ ಸುಳ್ಳಿರಲಿಲ್ಲ.
"ವಯಸ್ಸಾಗಿತ್ತಾ?"
"ಮುನ್ನೂರು."
ದುಃಖದ ಬಾಯಿ, ಏನೋ ಅಂತೈತೆ ಅಂದುಕೊಂಡನೋ ಏನೋ,
ಜೇಬಿನಿಂದ ಇನ್ನೂರು ತೆಗೆದು ಕೊಟ್ಟ,
ಮಣ್ಣಿಗೆ ಹೋಗಿಬರ್ರಿ, ಬುಧವಾರ ಜಲ್ದಿ ಬರ್ರಿ.

ಮಣ್ಣಿಗೆ ಎಲ್ಲಿಗೆ ಹೋಗುವುದು?
ಮಿರ್ಚಿ ಕಟ್ಟಿಸಿಕೊಂಡು ಕುಂಬಾರ ಗುಡ್ಡ ಹತ್ತಿದೆವು.
ಹುಟ್ಟಿದಾಗಿನಿಂದ ಕಂಡ ಬಂಡೆಗಳು,
ಹೆಸರು ಬರೆದು ಬಾಣ ಬಿಟ್ಟ ಬಂಡೆಗಳು, ಉಚ್ಚೆ ಹೊಯ್ದ ಬಂಡೆಗಳು.
ಅವತ್ತು ಪ್ರತಿಯೊಂದಕ್ಕೂ ಮೂತಿಯಿತ್ತು.
ಯಾರ ಗಾಯ ನೆಕ್ಕಿ ಹೀಗೆ ಕೂತವೋ,
ಇಡೀ ಊರಿಗೆ ಊರೇ ಬೆನ್ನು ಕೊಟ್ಟು ಕೂತಿದೆ.
ಒಂದು ಮಿರ್ಚಿ ಕಲ್ಲಿನ ಮೇಲಿಟ್ಟೆ. ಇರುವೆ ಬಂದವು.
ಕತ್ತಲಾದರೂ ಬಂಡೆ ಬೆಚ್ಚಗಿತ್ತು.
ಕೈಯಿಟ್ಟ ಹೊನ್ನೂರವಲಿ ತೆಗೆಯಲೇ ಇಲ್ಲ.

ಅವನ ಪಿಯುಸಿ ಫೀಸಿಗೆಂದು
ಇದೇ ಯೂನಿಟ್ಟಿನಲ್ಲಿ ರಾತ್ರಿಪಾಳಿ ಕಾಜ ಹಾಕುತ್ತಿದ್ದ
ಅವನಕ್ಕ ಖಾಜಾಬನ್ನಿಯ ಮಾತು
ಅವನೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.
ಅವಳು ಕೂರುತ್ತಿದ್ದ ಮಿಷಿನ್ನಿನ ಮುಂದೆಯೇ
ಈಗ ನಾನು ಕೂರುವುದು.

ಗುರುವಾರದ ಹೊತ್ತಿಗೆ ಯಾರೋ ಊದಿದ್ದರು.
ಬೈಯುತ್ತಾನೆಂದು ತಲೆ ತಗ್ಗಿಸಿ ನಿಂತರೆ
"ತೋರ್ಸಲೇ, ನೋಡೋಣ," ಅಂದ ಗಾದಿಲಿಂಗಪ್ಪ.
ಕಿವಿಗೆ ಏನೂ ಸಿಕ್ಕಿಸಿಕೊಳ್ಳದೆ,
ಓದಿ ಹೇಳೆಂದು ಯಾರನ್ನೂ ಕೇಳದೆ,
ಕತ್ತರಿಯನ್ನು ಕಂಕುಳಲ್ಲಿ ಹಿಡಿದು ನಿಂತೇ ನೋಡಿದ,
ಕೊನೆಯವರೆಗೆ.
ಫೋನು ಕೊಟ್ಟು, "ಹೂಂ, ಮಿಷಿನ್ ಹತ್ರಿ."

ಶನಿವಾರದ ಪಗಾರದಲ್ಲಿ ಇನ್ನೂರು ಮುರಿದುಕೊಂಡ.
ನೋಟಿಗೆ ಎಂಜಲು ಹಚ್ಚಿ ಎಣಿಸುತ್ತ
ತಲೆಯೆತ್ತದೆ ಕೇಳಿದ:
"ಆ ಹುಡುಗಗೆ ಅವತ್ತು ರಾತ್ರಿ
ಉಣ್ಣಾಕೆ ಯಾರಿಟ್ರಲೇ?"

ಇಪ್ಪತ್ನಾಲ್ಕನೇ ಕಂತು ಇನ್ನೂ ಬಂದಿರಲಿಲ್ಲ.